ನೋಡಿ ಬಂದೇನಿ, ಹೇಳಾಕತ್ತೇನಿ

ಹುಮನಾಬಾದಿನಲ್ಲಿ ಯಾರಾದರೂ ಸತ್ತರೆ ಬಕ್ಕಪ್ಪ ಬಾಯಿ ಬಿಟ್ಟು ಹೇಳುವವರೆಗೆ ಅವರು ಸತ್ತ ಲೆಕ್ಕವಲ್ಲ. ಇದು ನಾನು ಕಟ್ಟಿದ ಮಾತಲ್ಲ. ಬಸ್ ಸ್ಟ್ಯಾಂಡಿನ ಎದುರಿನ ಚಹಾದಂಗಡಿಯಲ್ಲಿ ಜನ ನಗುತ್ತ ಆಡುತ್ತಿದ್ದ ಮಾತು.

ಬಕ್ಕಪ್ಪನಿಗೆ ಒಂದು ಆಟೋ ಇತ್ತು. ಅದರ ನೆತ್ತಿಯ ಮೇಲೆ ಹಿಂದೊಂದು ಮುಂದೊಂದು ಧ್ವನಿವರ್ಧಕದ ಭೋಂಗಾ, ಒಳಗೆ ಒಂದು ಬ್ಯಾಟರಿ, ಕರ್ಚೀಫು ಸುತ್ತಿದ ಒಂದು ಮೈಕು. ಇಪ್ಪತ್ತೆರಡು ವರ್ಷ ಅವನು ಅದರಲ್ಲಿ ಕೂತು ಹುಮನಾಬಾದ್, ಬಸವಕಲ್ಯಾಣ ಎರಡೂ ತಾಲೂಕಿನ ಸುದ್ದಿ ಸಾರಿದ. ನಾಳೆ ನೀರು ಬಿಡುವುದಿಲ್ಲ, ಶಾಲೆಯಲ್ಲಿ ಲಸಿಕೆ ಹಾಕುತ್ತಾರೆ, ಇಂಥವರ ಎಮ್ಮೆ ಕಳೆದಿದೆ, ಇಂಥವರ ತಾಯಿ ತೀರಿಕೊಂಡಿದ್ದಾರೆ. ಸುದ್ದಿ ಯಾವುದೇ ಇರಲಿ, ಕೊನೆಗೆ ಒಂದು ಉಸಿರು ನಿಲ್ಲಿಸಿ ಅವನು ತನ್ನ ಮಾತೊಂದನ್ನು ಸೇರಿಸುತ್ತಿದ್ದ. "ನೋಡಿ ಬಂದೇನಿ, ಹೇಳಾಕತ್ತೇನಿ."

ಅದು ಬರೀ ಬಾಯಿಮಾತಲ್ಲ. ಅವನು ನಿಜಕ್ಕೂ ಹೋಗಿ ನೋಡಿ ಬರುತ್ತಿದ್ದ. ಎಮ್ಮೆ ಕಳೆದಿದೆ ಎಂದರೆ ಖಾಲಿ ಗೂಟ ನೋಡಿ ಬರುವವನು. ಕಲ್ಲಿನಾಥ ಸಾವುಕಾರರ ಪ್ರಸಂಗ ಎಲ್ಲರಿಗೂ ಗೊತ್ತು. ಬಟ್ಟೆ ಅಂಗಡಿಯ ಆ ಮುದುಕರು ಒಂದು ಬೆಳಿಗ್ಗೆ ತೀರಿಕೊಂಡರೆಂದು ಮಕ್ಕಳು ಚೀಟಿ ಬರೆದು ಕಳಿಸಿದರು. ಮಧ್ಯಾಹ್ನ ನಾಲ್ಕಕ್ಕೆ ಅಂತ್ಯಕ್ರಿಯೆ ಎಂದೂ ಅದರಲ್ಲಿತ್ತು. ಬಕ್ಕಪ್ಪ ಚೀಟಿ ಜೇಬಿಗೆ ಹಾಕಿಕೊಂಡು ಅವರ ಮನೆಗೆ ಹೋದ. ಅಂಗಳದಲ್ಲಿ ಆಗಲೇ ಪೆಂಡಾಲು ಏಳುತ್ತಿತ್ತು. ಮುದುಕರ ಪಕ್ಕ ಕೂತು ಮೂಗಿನ ಹತ್ತಿರ ಅಂಗೈ ಹಿಡಿದ. ಬಹಳ ಹೊತ್ತು ಹಿಡಿದ. ಆಮೇಲೆ ಹಿರಿಯ ಮಗನ ಕಡೆ ತಿರುಗಿ, "ಮೊದಲ ಇವರ ಬಾಯಿಗೆ ಒಂದೀಟು ನೀರ ಹಾಕ್ರಿ," ಎಂದ.

ಕಲ್ಲಿನಾಥ ಸಾವುಕಾರರು ಮುಂದೆ ನಾಲ್ಕು ವರ್ಷ ಬದುಕಿದರು. ಬಕ್ಕಪ್ಪನ ಆಟೋ ಓಣಿಗೆ ಬಂದರೆ ಸಾಕು, ಕಟ್ಟೆಗೆ ಬಂದು ಕೋಲು ಎತ್ತಿ, "ಬಕ್ಕಪ್ಪಾ, ನಾ ಇನ್ನೂ ಜೀವಂತ ಅದೀನೋ!" ಎಂದು ಕೂಗುತ್ತಿದ್ದರು. ಕೊನೆಗೆ ಅವರು ನಿಜವಾಗಿ ಹೋದ ದಿನ ಬಕ್ಕಪ್ಪ ಅವರ ಕೈ ಹಿಡಿದು ಅರ್ಧ ತಾಸು ಕೂತಿದ್ದನಂತೆ. ಅದು ಅನುಮಾನಕ್ಕೋ ಪ್ರೀತಿಗೋ ಎಂದು ಯಾರೂ ಕೇಳಲಿಲ್ಲ.

ಇಂಥ ಮನುಷ್ಯನನ್ನು ಕೆಡಿಸಿದವನು ನಾನು.

ನನ್ನ ಹೆಸರು ಗುರುಶಾಂತ. ಬಸವಕಲ್ಯಾಣದ ಹೈಸ್ಕೂಲಿನಲ್ಲಿ ಕನ್ನಡ ಮಾಸ್ತರ. ವಾರ್ಷಿಕೋತ್ಸವಕ್ಕೆ ನಾಟಕ ಬರೆಯುವುದು ನನ್ನ ಚಟ. ಹತ್ತೊಂಬತ್ತು ನಾಟಕ ಬರೆದಿದ್ದೇನೆ. ಅವುಗಳಲ್ಲಿ ಒಂದೂ ಶಾಲೆಯ ಕಾಂಪೌಂಡು ದಾಟಿಲ್ಲ. ಆ ಸಂಕಟ ನನಗೆ ಎಷ್ಟಿತ್ತೆಂದರೆ, ಮದುವೆ ಪತ್ರಿಕೆಯಲ್ಲಿ ನನ್ನ ಹೆಸರು ತಪ್ಪಾಗಿ ಅಚ್ಚಾದರೂ ಮೂರು ದಿನ ಮುಖ ಗಂಟು ಹಾಕಿಕೊಂಡಿರುತ್ತಿದ್ದೆ. ಹೊಟ್ಟೆಗೆ ಹಿಟ್ಟಿಲ್ಲದಿದ್ದರೂ ಜುಟ್ಟಿಗೆ ಮಲ್ಲಿಗೆ ಹೂ ಎಂದು ನನ್ನ ಹೆಂಡತಿ ವಿದ್ಯಾವತಿ ಹಂಗಿಸುತ್ತಾಳೆ. ತಪ್ಪೇನಿಲ್ಲ.

ನಮ್ಮೂರಿನಲ್ಲಿ ಒಂದು ಚಿಕ್ಕ ಸಮುದಾಯ ರೇಡಿಯೋ ಇದೆ. ಎರಡು ಕೋಣೆ, ಗೋಡೆಗೆ ಬಡಿದ ಹಳೆಯ ಗಾದಿಗಳು, ಒಂದು ಕಂಪ್ಯೂಟರು. ಅದನ್ನು ನಡೆಸುವವಳು ಚಿಟಗುಪ್ಪದ ಸರಿತಾ. ಮೂವತ್ತು ವರ್ಷದ ಹುಡುಗಿ, ಮಾತು ಕಡಿಮೆ, ಕೆಲಸ ಅಚ್ಚುಕಟ್ಟು. ಕಳೆದ ಮಳೆಗಾಲದಲ್ಲಿ ಅವಳು ನನ್ನನ್ನು ಕರೆಸಿ, ಮಳೆ, ನೆರೆಯ ಬಗ್ಗೆ ಜನರಿಗೆ ತಿಳಿವಳಿಕೆ ಕೊಡುವಂಥ ಅರ್ಧ ತಾಸಿನ ನಾಟಕ ಬರೆದುಕೊಡಿ ಎಂದಳು. ನನಗೆ ಎರಡು ರಾತ್ರಿ ನಿದ್ದೆ ಬರಲಿಲ್ಲ. ಮೂರನೆಯ ದಿನ ಬರೆದು ಮುಗಿಸಿದೆ.

ಕಥೆ ಇಷ್ಟೇ. ಗೌಳಿವಾಡಿ ಎಂಬ ಊರಿನ ಮೇಲಿನ ಕೆರೆಯ ಕಟ್ಟೆ ಬಿರುಕು ಬಿಡುತ್ತದೆ. ಮೈಕಿನವನೊಬ್ಬ ಓಣಿ ಓಣಿ ತಿರುಗಿ ಜನರನ್ನು ಗುಡ್ಡಕ್ಕೆ ಹತ್ತಿಸುತ್ತಾನೆ, ಎಲ್ಲರೂ ಉಳಿಯುತ್ತಾರೆ. ಗೌಳಿವಾಡಿ ನಿಜವಾದ ಊರು. ಬಸವಕಲ್ಯಾಣದಿಂದ ಹುಮನಾಬಾದಿಗೆ ಹೋಗುವ ದಾರಿಯಲ್ಲಿ ಹೆದ್ದಾರಿಯಿಂದ ಸ್ವಲ್ಪ ಒಳಗಿದೆ. ನಲವತ್ತು ಮನೆ, ಎಲ್ಲವೂ ದನ ಎಮ್ಮೆ ಸಾಕುವವರವು. ಊರಿನ ಮೇಲೆ ಕೆರೆಯೂ ನಿಜವಾಗಿ ಇದೆ. ಹಿಂದಿನ ವರ್ಷ ಅದರ ಕಟ್ಟೆ ಜಿನುಗಿ, ಮರಳಿನ ಚೀಲ ಒಟ್ಟಿದ್ದರು. ಅದಕ್ಕೇ ಆ ಊರನ್ನು ಆರಿಸಿದ್ದೆ. ಕೇಳಿದವರ ಎದೆ ಝಲ್ ಎನ್ನಬೇಕು ಎಂಬುದು ನನ್ನ ಆಸೆ.

ಮೈಕಿನವನ ಪಾತ್ರಕ್ಕೆ ಬಕ್ಕಪ್ಪನನ್ನೇ ಕರೆಸಿದೆ. ಅವನು ಕಾಗದ ಓದಿ ತಲೆ ಕೆರೆದುಕೊಂಡ.

"ಸರ್, ಊರಿನ ಹೆಸರು ಬ್ಯಾರೆ ಇಡ್ರಿ. ಅವರು ಬಡವರು, ಅಂಜ್ತಾರ."

"ನಾಟಕ ಅಂತ ಮೊದಲೇ ಹೇಳ್ತೀವಲ್ಲೋ ಮಾರಾಯ."

"ಅದೂ ಹೋಗ್ಲಿ ಬಿಡ್ರಿ. ಇಲ್ಲಿ ಕೊನಿಗಿ ನಂದೊಂದು ಮಾತು ಬರದೀರಲ್ಲ, ನೋಡಿ ಬಂದೇನಿ ಅಂತ. ಅದೊಂದು ತಗೀರಿ. ಅದು ನಾಟಕದ್ದಲ್ಲರಿ."

"ಅದು ಇಲ್ಲಂದ್ರ ನಾಟಕಕ್ಕ ಜೀವಾನೇ ಇಲ್ಲ, ಬಕ್ಕಪ್ಪ."

ಅವನು ಸರಿತಾಳ ಕಡೆ ನೋಡಿದ. ಅವಳು ಸ್ವಲ್ಪ ಯೋಚಿಸಿ, ನಡುನಡುವೆ ಮೂರು ಸಲ "ನೀವು ಕೇಳುತ್ತಿರುವುದು ನಾಟಕ, ಯಾರೂ ಹೆದರಬೇಡಿ" ಎಂದು ಬಕ್ಕಪ್ಪನ ದನಿಯಲ್ಲೇ ಸೇರಿಸೋಣ ಎಂದಳು. ಅದನ್ನು ಕೇಳಿ ಅವನಿಗೆ ಸಮಾಧಾನವಾಯಿತು. ಆ ಮೂರು ಮಾತನ್ನು ಅವನು ನಾಟಕಕ್ಕಿಂತ ಚೆನ್ನಾಗಿ ಓದಿದ. ಕೊನೆಯಲ್ಲಿ "ರಚನೆ, ಗುರುಶಾಂತ ಮಾಸ್ತರ" ಎಂದು ಸ್ಪಷ್ಟವಾಗಿ ಹೇಳಬೇಕೆಂದು ನಾನು ಎರಡೆರಡು ಸಲ ನೆನಪಿಸಿದೆ.

ಆ ಶನಿವಾರ ಸರಿತಾ ಮದುವೆಗೆಂದು ಚಿಟಗುಪ್ಪಕ್ಕೆ ಹೋಗಿದ್ದಳು. ರೇಡಿಯೋ ಕೋಣೆಯ ಕೀಲಿ ನನ್ನ ಹತ್ತಿರ ಇತ್ತು. ಕಂಪ್ಯೂಟರಿನಲ್ಲಿ ಮಾತು ಕತ್ತರಿಸುವುದನ್ನು ಅವಳೇ ಕಲಿಸಿಕೊಟ್ಟಿದ್ದಳು. ಒಬ್ಬನೇ ಕೂತು ನಾಟಕವನ್ನು ಪೂರ್ತಿ ಕೇಳಿದೆ. ನೀರು ಬಂತು ಬಂತು ಎನ್ನುವಾಗ ನಡುವೆ ಆ "ಯಾರೂ ಹೆದರಬೇಡಿ" ಬಂದು ಕೂರುತ್ತಿತ್ತು. ಊಟದ ನಡುವೆ ಹಲ್ಲಿಗೆ ಕಲ್ಲು ಸಿಕ್ಕಂತೆ ಆಗುತ್ತಿತ್ತು ನನಗೆ. ಮೂರನ್ನೂ ಕತ್ತರಿಸಿದೆ. ಶುರುವಿನಲ್ಲಿ ಒಂದು ಇದೆಯಲ್ಲ, ಸಾಕು ಎಂದುಕೊಂಡೆ. ಸರಿತಾಳಿಗೆ ಹೇಳಲಿಲ್ಲ. ಹೇಳಿದರೆ ಅವಳು ಬೇಡ ಅನ್ನುತ್ತಾಳೆ ಎಂದು ನನಗೆ ಗೊತ್ತಿತ್ತು.

ನನಗೆ ಗೊತ್ತಿಲ್ಲದ ಸಂಗತಿ ಇನ್ನೊಂದಿತ್ತು. ಗೌಳಿವಾಡಿಯಲ್ಲಿ ಎಮ್ಮೆಗಳಿಗೆ ರೇಡಿಯೋ ಅಭ್ಯಾಸ. ಹಾಲು ಹಿಂಡಲು ಕೂರುವಾಗ ಕೊಟ್ಟಿಗೆಯ ಗೂಡಿನಲ್ಲಿ ಸಣ್ಣ ಡಬ್ಬಿ ಹಚ್ಚುತ್ತಾರೆ. ದನಿ ಕೇಳಿದರೆ ಎಮ್ಮೆ ಸೊರೆ ಬಿಡುತ್ತದಂತೆ, ಹಾಲು ಸಲೀಸಾಗಿ ಇಳಿಯುತ್ತದಂತೆ. ಅವರು ಹಿಂಡಲು ಕೂರುವುದು ಆರೂಕಾಲಿಗೆ. ನನ್ನ ನಾಟಕ ಶುರುವಾದದ್ದು ಆರಕ್ಕೆ.

ಸೋಮವಾರ ಸಂಜೆ. ಮೂರು ದಿನದಿಂದ ಮಳೆ ಬಿಟ್ಟಿರಲಿಲ್ಲ. ವಿದ್ಯಾವತಿ ಮಿರ್ಚಿ ಭಜಿ ಕರಿದಿದ್ದಳು. ನಾನು ಖುರ್ಚಿಯಲ್ಲಿ ಕಾಲು ಚಾಚಿ ನನ್ನ ನಾಟಕ ಕೇಳುತ್ತಿದ್ದೆ. ಆರೂ ಇಪ್ಪತ್ತಕ್ಕೆ ಬಕ್ಕಪ್ಪನ ದನಿ ಬಂತು. "ಗೌಳಿವಾಡಿ ಮಂದಿ ಕೇಳ್ರಿ. ಕೆರಿ ಕಟ್ಟಿ ಬಿರುಕು ಬಿಟ್ಟದ. ಇದ್ದದ್ದು ಇದ್ದಂಗ ಬಿಟ್ಟು ಗುಡ್ಡಕ್ಕ ನಡೀರಿ. ನೋಡಿ ಬಂದೇನಿ, ಹೇಳಾಕತ್ತೇನಿ." ನನ್ನ ಮೈಮೇಲೆ ಮುಳ್ಳೆದ್ದಿತು. "ಹ್ಯಾಂಗದ?" ಎಂದು ಹೆಂಡತಿಯನ್ನು ಕೇಳಿದೆ. ಅವಳು ಎರಡೂ ಕೈಯಿಂದ ಸೆರಗು ಹಿಡಿದುಕೊಂಡು, "ಖರೇನ್ರಿ ಇದು?" ಎಂದಳು. ಇಂಥ ಪ್ರಶಂಸೆ ನನಗೆ ಜನ್ಮದಲ್ಲಿ ಸಿಕ್ಕಿರಲಿಲ್ಲ. ಇನ್ನೊಂದು ಭಜಿ ಬಾಯಿಗೆ ಹಾಕಿಕೊಂಡೆ.

ಅದೇ ಹೊತ್ತಿಗೆ ಗೌಳಿವಾಡಿಯ ಜನ ಓಡುತ್ತಿದ್ದರು.

ದನ ಸಾಕುವವರಲ್ಲಿ ಒಂದು ರೂಢಿ. ಬೆಂಕಿ ಬರಲಿ, ನೀರು ಬರಲಿ, ಮೊದಲು ಕಣ್ಣಿ ಬಿಚ್ಚಬೇಕು. ಕಟ್ಟಿದ ಪ್ರಾಣಿಯನ್ನು ಬಿಟ್ಟು ಓಡುವವರ ಮನೆಯಲ್ಲಿ ಮುಂದೆ ಹಾಲು ಉಕ್ಕುವುದಿಲ್ಲ ಎನ್ನುತ್ತಾರೆ. ನಲವತ್ತು ಕೊಟ್ಟಿಗೆಯ ಕಣ್ಣಿಗಳೂ ಐದೇ ನಿಮಿಷದಲ್ಲಿ ಬಿಚ್ಚಿದವು. ಹಾಲಿನ ಚರಿಗೆಗಳು ಉರುಳಿದವು. ಜನ ಮಕ್ಕಳನ್ನು ಹೆಗಲಿಗೇರಿಸಿ ಗುಡ್ಡಕ್ಕೆ ಓಡಿದರೆ, ಬೆದರಿದ ಎಮ್ಮೆಗಳು ಗೊತ್ತಿದ್ದ ದಾರಿ ಹಿಡಿದು ಹೆದ್ದಾರಿಗೆ ಓಡಿದವು. ಯಾರೋ ಫೋನ್ ಮಾಡಿದರು, ಯಾರೋ ವಾಟ್ಸಾಪಿಗೆ ಹಾಕಿದರು. ಅರ್ಧ ತಾಸಿನಲ್ಲಿ ಕೆರೆ ಒಡೆದ ಸುದ್ದಿ ಹಳ್ಳಿಖೇಡಕ್ಕೂ ಮುಟ್ಟಿತು. ಹುಮನಾಬಾದಿನ ಬಜಾರಿನಲ್ಲಿ ಅಂಗಡಿಗಳ ಶಟರು ಇಳಿದವು. ರಾಜೇಶ್ವರದ ಹತ್ತಿರ ಬಸ್ಸುಗಳು ಸಾಲಾಗಿ ನಿಂತವು. ಆರೂವರೆಗೆ ಮೊದಲೇ ಸರಿತಾಳಿಗೆ ಫೋನಿನ ಮೇಲೆ ಫೋನು ಬಂದು, ಅವಳು ನಾಟಕವನ್ನು ನಡುವೆಯೇ ನಿಲ್ಲಿಸಿ, ಇದು ಸುಳ್ಳು, ಇದು ನಾಟಕ ಎಂದು ತಾನೇ ಕೂಗಿದಳು. ಅಷ್ಟೊತ್ತಿಗೆ ಕೊಟ್ಟಿಗೆಯಲ್ಲಿ ಕೇಳುವವರು ಯಾರೂ ಉಳಿದಿರಲಿಲ್ಲ.

ಜೀವ ಯಾರದೂ ಹೋಗಲಿಲ್ಲ. ಸುಮನಬಾಯಿ ಎಂಬ ಎಪ್ಪತ್ತರ ಹೆಂಗಸು ಗುಡ್ಡದ ಬುಡದ ಹಳ್ಳದಲ್ಲಿ ಬಿದ್ದು ಮುಂಗೈ ಮುರಿದುಕೊಂಡಳು. ಅವಳದೇ ಗಬ್ಬದ ಎಮ್ಮೆ ಹೆದ್ದಾರಿಯಲ್ಲಿ ಲಾರಿಗೆ ಸಿಕ್ಕು ಸತ್ತಿತು.

ನಾಟಕ ಕೊನೆಯವರೆಗೆ ಹೋಗಲಿಲ್ಲವಾದ್ದರಿಂದ ನನ್ನ ಹೆಸರು ಪ್ರಸಾರವಾಗಲೇ ಇಲ್ಲ. ಜನರಿಗೆ ಗೊತ್ತಿದ್ದದ್ದು ಒಂದೇ, ಬಕ್ಕಪ್ಪನ ದನಿ. ಮರುದಿನ ಎಲ್ಲರ ಮೊಬೈಲಿನಲ್ಲಿ ಅವನದೇ ಫೋಟೋ. ಸುಳ್ಳ ಬಕ್ಕಪ್ಪ, ದುಡ್ಡು ತಿಂದ ಬಕ್ಕಪ್ಪ. ಅವನ ಆಟೋದ ಭೋಂಗಾಗಳಿಗೆ ಯಾರೋ ಸೆಗಣಿ ಮೆತ್ತಿದ್ದರು. ಪೊಲೀಸರು ಅವನನ್ನೂ ಸರಿತಾಳನ್ನೂ ಕರೆಸಿ ಹೇಳಿಕೆ ಬರೆಸಿಕೊಂಡರು. "ದನಿ ನಂದೇರಿ. ಹೇಳಿದವ ನಾನೇ," ಎಂದನಂತೆ. ಅದಕ್ಕಿಂತ ಹೆಚ್ಚಿಗೆ ಒಂದು ಮಾತೂ ಆಡಲಿಲ್ಲವಂತೆ.

ನಾನು? ನಾನು ಶಾಲೆಗೆ ಹೋಗಿ ಬಂದೆ. ಒಂಬತ್ತನೆಯ ಇಯತ್ತೆಗೆ ಸಂಧಿ ಸಮಾಸ ಕಲಿಸಿದೆ. ಸ್ಟಾಫ್ ರೂಮಿನಲ್ಲಿ ಯಾರಾದರೂ ರೇಡಿಯೋ ಎಂದರೆ ಕುಂಬಳಕಾಯಿ ಕಳ್ಳನಂತೆ ಹೆಗಲು ಮುಟ್ಟಿಕೊಳ್ಳುತ್ತಿದ್ದೆ. ಕೋತಿ ತಾನು ತಿಂದು ಮೇಕೆಯ ಬಾಯಿಗೆ ಒರೆಸಿತಂತೆ, ಅದನ್ನೇ ಮಾಡಿದೆ. ನನಗೆ ಹೆದರಿಕೆ ಇತ್ತು, ನೌಕರಿಯದು, ಮಾನದ್ದು. ಆದರೆ ಹೆದರಿಕೆಗಿಂತ ಕೆಟ್ಟದ್ದೊಂದಿತ್ತು. ನನ್ನ ಬರವಣಿಗೆಗೆ ಒಂದು ಊರು ಎದ್ದು ಓಡಿತಲ್ಲ ಎಂಬ ಸಣ್ಣ ಖುಷಿ ಒಳಗೆಲ್ಲೋ ಇತ್ತು. ಈ ಸಾಲನ್ನು ಎರಡು ಸಲ ಹೊಡೆದುಹಾಕಿದೆ, ಆದರೂ ಬರೆಯುತ್ತಿದ್ದೇನೆ. ಇತ್ತು.

ಎಂಟನೆಯ ದಿನ ಊಟಕ್ಕೆ ಬಡಿಸುತ್ತ ವಿದ್ಯಾವತಿ ಅಂದಳು. "ಊರ ತುಂಬ ಬಕ್ಕಪ್ಪನ ಹೆಸರೇ ಕೇಳಾಕತ್ತೇನಿ. ನಾಟಕ ಬರದವರ ಹೆಸರು ಯಾರೂ ಅನ್ನವಲ್ರು. ಈ ಸಲ ನಿಮಗ ಸಿಟ್ಟು ಬಂದಂಗ ಕಾಣವಲ್ದು." ರೊಟ್ಟಿ ಜಗಿಯುತ್ತ ನೀರು ಕೇಳಿದೆ. ಅವಳು ನೀರು ಕೊಡಲಿಲ್ಲ.

ಹನ್ನೊಂದನೆಯ ದಿನ ಸರಿತಾಳ ಹತ್ತಿರ ಹೋಗಿ, ಆ ಮಾತುಗಳನ್ನು ತೆಗೆದವನು ನಾನು ಎಂದೆ. ಅವಳು ತಲೆ ಎತ್ತಲಿಲ್ಲ.

"ಗೊತ್ತದರಿ ಸರ್. ಕಂಪ್ಯೂಟರಿನ್ಯಾಗ ಹಳೀದೂ ಉಳಿತದ. ನೀವ ಬಂದು ಹೇಳ್ತೀರೇನೋ ಅಂತ ಕಾಯಾಕತ್ತಿದ್ದೆ."

"ಪೊಲೀಸರಿಗೆ ಹೇಳ್ತಿ?"

"ಹೇಳಬೇಕಾದ್ದು ನೀವು. ಮೊದಲ ಬಕ್ಕಪ್ಪಗ ಹೋಗಿ ಹೇಳ್ರಿ."

ಹುಮನಾಬಾದಿನ ಅವನ ಮನೆ ಎರಡು ಖೋಲಿಯದು. ಬಾಗಿಲಿಗೆ ಬಂದ ಅವನ ಹೆಂಡತಿ ಸಂಗಮ್ಮ, "ಬರ್ರಿ ಸರ್, ಬಿಸಿಲಾಗ ಬಂದೀರಿ," ಎಂದು ಚಾಪೆ ಹಾಸಿ ಚಹಾಕ್ಕೆ ಇಟ್ಟಳು. ಬೈದಿದ್ದರೆ ಚೆನ್ನಾಗಿತ್ತು. ಬಕ್ಕಪ್ಪ ಭೋಂಗಾಗಳನ್ನು ಇಳಿಸಿ ಮಡಿಲಲ್ಲಿಟ್ಟುಕೊಂಡು ಸಂದಿಯಲ್ಲಿ ಒಣಗಿದ್ದ ಸೆಗಣಿಯನ್ನು ಕಡ್ಡಿಯಿಂದ ಕೆರೆಯುತ್ತಿದ್ದ.

"ಬಕ್ಕಪ್ಪ, ಆ ಮೂರು ಮಾತು ತಗದವ ನಾನು."

"ಗೊತ್ತಾಗಿತ್ರಿ. ನಾನೂ ರೇಡಿಯೋ ಹಚ್ಚಿದ್ದೆ. ಈಗ ಬರ್ತದ, ಈಗ ಬರ್ತದ ಅಂತ ಕೂತೆ. ಬರಲೇ ಇಲ್ಲ."

"ಮತ್ತ ಠಾಣೆದಾಗ ನನ್ನ ಹೆಸರು ಯಾಕ ಹೇಳಲಿಲ್ಲೋ?"

ಅವನು ಕಡ್ಡಿ ನಿಲ್ಲಿಸಿ ನನ್ನನ್ನು ನೋಡಿದ. "ನೀವು ತಗಿಯೋದು ನಾ ನೋಡಿದ್ದಿಲ್ಲಲ್ರಿ ಸರ್. ನೋಡದ ಹ್ಯಾಂಗ ಹೇಳ್ಲಿ?"

ನಾನು ಚಹಾದ ಕಪ್ಪು ಕೆಳಗಿಟ್ಟೆ. ಅವನಿಗೆ ವ್ಯಂಗ್ಯ ಗೊತ್ತಿಲ್ಲ, ಇದ್ದದ್ದನ್ನು ಇದ್ದ ಹಾಗೆ ಹೇಳಿದ್ದ. ಠಾಣೆಗೆ ಹೋಗಿ ಬರೆದುಕೊಡುತ್ತೇನೆ ಎಂದೆ. "ಅದು ನಿಮ್ಮ ವಿಚಾರ. ಅದಕ್ಕಿಂತ ಮೊದಲ ನನ್ನ ಜೋಡಿ ಗೌಳಿವಾಡಿಗಿ ಬರ್ರಿ. ಸುಮನಬಾಯಿ ಆಯಿಗೆ ಮಾರಿ ತೋರಸಬೇಕು. ಒಬ್ಬವನೇ ಹೋಗಾಕ ಕಾಲು ಏಳವಲ್ವು," ಎಂದ.

ಮರುದಿನ ಬೆಳಿಗ್ಗೆ ಅವನ ಆಟೋದಲ್ಲಿ ಹೊರಟೆವು. ನೆತ್ತಿಯ ಮೇಲೆ ಭೋಂಗಾ ಇಲ್ಲದ್ದರಿಂದ ಅದು ಯಾರದೋ ಆಟೋದಂತೆ ಕಾಣುತ್ತಿತ್ತು. ದಾರಿಯಲ್ಲಿ ಅವನು ಸುಮನಬಾಯಿಯ ಗಂಡ ಪಂಡರಿಯ ಸುದ್ದಿ ತೆಗೆದ. ಎರಡನೆಯ ಅಲೆಯ ಕೊರೊನಾದಲ್ಲಿ ಪಂಡರಿಯನ್ನು ಆಂಬುಲೆನ್ಸು ಒಯ್ದಿತ್ತು. ಆರನೆಯ ದಿನ ದವಾಖಾನೆಯಿಂದ ಬಕ್ಕಪ್ಪನಿಗೆ ಫೋನು ಬಂತು, ಪಂಡರಿ ತೀರಿಕೊಂಡಿದ್ದಾನೆ, ಹೆಣ ಊರಿಗೆ ಕೊಡುವುದಿಲ್ಲ, ಮನೆಯವರಿಗೆ ತಿಳಿಸು ಎಂದು. ಊರಿನ ಬಾಯಿಗೆ ಜಾಲಿಮುಳ್ಳು ಹಚ್ಚಿದ್ದರು, ಒಳಗೆ ಬಿಡುವಂತಿರಲಿಲ್ಲ. ಮುಳ್ಳಿನ ಆಚೆ ಆಟೋ ನಿಲ್ಲಿಸಿ ಮೈಕಿನಲ್ಲೇ ಹೇಳಿದ.

"ಆಯಿ ಅಂಗಳದಾಗ ನಿಂತು ಕೇಳಿಸಿಕೊಂಡಳು. ನಾ ಹೆಣ ನೋಡಿದ್ದಿಲ್ಲರಿ. ದವಾಖಾನಿಗಿ ಹೋದೆ, ಒಳಗ ಬಿಡಲಿಲ್ಲ. ಅದಕ್ಕ ಆ ದಿನ ನನ್ನ ಮಾತು ಅನ್ನಲಿಲ್ಲ. ಇಪ್ಪತ್ತೆರಡು ವರ್ಷದಾಗ ಅದೊಂದೇ ದಿನ."

ಸುಮನಬಾಯಿ ಕೊಟ್ಟಿಗೆಯ ಮುಂದೆ ಹೊರಸಿನ ಮೇಲೆ ಕೂತಿದ್ದಳು. ಬಲಗೈ ಪ್ಲಾಸ್ಟರಿನಲ್ಲಿತ್ತು. ಒಳಗೆ ಸೊಸೆ ಸೋನಾಲಿ ಎಮ್ಮೆಯೊಂದರ ಕೆಚ್ಚಲು ತಟ್ಟುತ್ತ ಮರಾಠಿಯಲ್ಲಿ ಏನೋ ಗುನುಗುತ್ತಿದ್ದಳು. ಗೂಡಿನಲ್ಲಿದ್ದ ರೇಡಿಯೋ ಡಬ್ಬಿಗೆ ಬಟ್ಟೆ ಸುತ್ತಿ ಇಟ್ಟಿದ್ದರು. ಈಗ ಯಾರೂ ಹಚ್ಚುವುದಿಲ್ಲ, ಎಮ್ಮೆಗಳು ಅರ್ಧ ಹಾಲು ಇಳಿಸದೆ ಏರಿಸಿಕೊಳ್ಳುತ್ತವೆ ಎಂದು ಸೋನಾಲಿ ಹೇಳಿದಳು. ಬಿಚ್ಚಿದ ಕಣ್ಣಿ ಜೋತುಬಿದ್ದ ಒಂದು ಗೂಟ ಖಾಲಿ ಇತ್ತು. ಬಕ್ಕಪ್ಪ ಅದನ್ನು ನೋಡಿದ. ಅವನು ಅಂಥವನ್ನು ನೋಡಿಯೇ ನೋಡುತ್ತಾನೆ.

"ಬಾ ಬಕ್ಕಪ್ಪ," ಎಂದಳು ಮುದುಕಿ. ಅವಳ ಮುಖದಲ್ಲಿ ಸಿಟ್ಟು ಇರಲಿಲ್ಲ. "ಈ ಮಂದಿ ನಿನಗ ಏನೇನೋ ಅನ್ನಾಕತ್ತಾರ. ನಾ ಒಪ್ಪಂಗಿಲ್ಲ. ನೀರು ಬರಬೇಕಿತ್ತು, ದೇವರು ತಡದ. ನೀ ಹೇಳಿದ್ದಕ್ಕ ನಾವು ಉಳದೇವಿ. ಸೋನಾಲಿ, ಮಜ್ಜಿಗಿ ತಾ."

ಬಕ್ಕಪ್ಪ ನೆಲ ನೋಡಿದ. ನಾನು ಬಾಯಿ ಬಿಡಬೇಕಾದ ಹೊತ್ತು ಅದೇ. ಗಂಟಲು ಸರಿಮಾಡಿಕೊಂಡು ಎಲ್ಲ ಹೇಳಿದೆ. ಅದು ನಾಟಕ, ಬರೆದವನು ನಾನು, ನಿಮ್ಮ ಊರಿನ ಹೆಸರು ಹಾಕಿದವನು ನಾನು, ಎಚ್ಚರಿಕೆ ಕತ್ತರಿಸಿದವನು ನಾನು, ಬಕ್ಕಪ್ಪನದು ತಪ್ಪಿಲ್ಲ. ಶಾಲೆಯಲ್ಲಿ ಭಾಷಣ ಮಾಡಿ ರೂಢಿಯಾದ ಬಾಯಿ. ಕೊನೆಗೆ ಕೈ ಮುಗಿದೆ. ಚೆನ್ನಾಗಿಯೇ ಹೇಳಿದೆ ಎಂದು ಆಗಲೂ ಅನ್ನಿಸಿತು, ನಾಚಿಕೆಗೇಡಿ ಮನಸ್ಸು.

ಸುಮನಬಾಯಿ ತಲೆ ಓರೆ ಮಾಡಿ ಕೇಳಿದಳು. "ನೀವು ಬರದ್ರೇನು? ಬರದವರ ಮಾತು ಯಾರು ಕೇಳ್ತಾರಪ್ಪ. ನಾವು ಕೇಳಿದ್ದು ಇವನ ದನಿ."

ಅಷ್ಟಕ್ಕೆ ನನ್ನ ಕ್ಷಮಾಪಣೆ ಮುಗಿಯಿತು. ಅವಳು ಮತ್ತೆ ನನ್ನ ಕಡೆ ನೋಡಲಿಲ್ಲ.

"ಹೌದೇನೋ ಬಕ್ಕಪ್ಪ? ನೀ ಕಟ್ಟಿ ನೋಡಿದ್ದಿಲ್ಲ?"

"ಇಲ್ಲ ಆಯಿ."

"ನೋಡಿ ಬಂದೇನಿ ಅಂದಿ."

"ಅಂದೆ. ತಪ್ಪಾತು."

ಸೋನಾಲಿ ಮಜ್ಜಿಗೆ ತಂದು ಇಟ್ಟಳು, ಯಾರೂ ಮುಟ್ಟಲಿಲ್ಲ. ಮುದುಕಿಯ ತುಟಿ ಏನೋ ಎಣಿಸುತ್ತಿದ್ದಂತೆ ಅಲುಗುತ್ತಿತ್ತು. ನಾನು ಎಮ್ಮೆಯ ಮಾತು ಬರುತ್ತದೆ, ಕೈಯ ಮಾತು ಬರುತ್ತದೆ ಎಂದು ಕಾದೆ. ಬಂದದ್ದು ಬೇರೆ.

"ನಮ್ಮ ಮನಿಯವರು ಹೋದ್ರು ಅಂತ ಮುಳ್ಳಿನ ಆಚಿಂದ ಕೂಗಿದೆಲ್ಲ. ಆ ದಿನ ನೀ ಈ ಮಾತು ಅಂದಿದ್ದಿಲ್ಲ. ನನಗ ನೆಪ್ಪದ. ಮನಸಿನ್ಯಾಗ ಒಂದು ಮುಳ್ಳು ಉಳೀತು. ಆದ್ರೂ ಬಕ್ಕಪ್ಪ ಸುಳ್ಳ ಹೇಳಂಗಿಲ್ಲ ಅಂತ ನಿನ್ನ ದನಿ ಮ್ಯಾಲ ಭರೋಸಾ ಇಟ್ಟು ಬಳಿ ಒಡಕೊಂಡೆ. ಹೆಣ ಕಾಣಲಿಲ್ಲ, ಮಣ್ಣ ಹಾಕಲಿಲ್ಲ." ಅವಳು ಒಳ್ಳೆಯ ಕೈಯಿಂದ ಹೊರಸಿನ ಹಗ್ಗ ಹಿಡಿದು ಮುಂದಕ್ಕೆ ಬಾಗಿದಳು. "ನೋಡೇನಿ ಅಂದದ್ದೇ ಸುಳ್ಳಾದ್ರ, ನೋಡೇನಿ ಅನ್ನದ ಹೇಳಿದ್ದು ಏನಾತು? ಖರೆ ಹೇಳೋ ನನ್ನಪ್ಪ. ಅವರು ಇನ್ನೂ ಅದಾರೇನು?"

ಆ ಮುಖವನ್ನು ನಾನು ಮರೆಯಲಾರೆ. ಅದರಲ್ಲಿ ಆಸೆ ಇತ್ತು. ಎಪ್ಪತ್ತು ವರ್ಷದ ಆ ಮುಖ ಒಮ್ಮೆಗೆ ಎಳೆಯದಾಗಿತ್ತು. ನನಗೆ ಎದ್ದು ಓಡಿಹೋಗಬೇಕೆನಿಸಿತು. ಒಂದು ಊರನ್ನು ಓಡಿಸಿದವನಿಗೆ ಎರಡು ಹೆಜ್ಜೆ ಇಡುವ ಕಸುವು ಇರಲಿಲ್ಲ.

ಬಕ್ಕಪ್ಪ ಹೋಗಿ ಅವಳ ಕಾಲ ಹತ್ತಿರ ನೆಲದಲ್ಲಿ ಕೂತ.

"ಇಲ್ಲ ಆಯಿ. ಪಂಡರಿ ಕಾಕಾ ಹೋಗ್ಯಾರ. ನಾ ನೋಡೇನಿ."

"ನೋಡಿದ್ದಿಯೇನು?"

"ದವಾಖಾನಿಗಿ ಹೋಗಿ ನೋಡಿ ಬಂದೇನಿ. ಆ ದಿನ ಕೂಗೂ ಮುಂದ ಅಳು ಬಂತು, ಅದಕ್ಕ ಆ ಮಾತು ಬಾಯಿಂದ ಹೊಂಡಲಿಲ್ಲ. ನೋಡಿ ಬಂದೇನಿ ಆಯಿ, ಹೇಳಾಕತ್ತೇನಿ."

"ಹ್ಯಾಂಗಿದ್ರು?"

"ನಿದ್ದಿ ಹತ್ತಿದವರಂಗ ಇದ್ರು. ನೀ ಕೊಟ್ಟ ಕಂಬಳಿ ಹೊದ್ದಿದ್ರು."

ದನಗಾಹಿಗಳು ಕಂಬಳಿ ಇಲ್ಲದೆ ಊರ ಗಡಿ ದಾಟುವುದಿಲ್ಲ. ಅವನಿಗೆ ಗೊತ್ತಿದ್ದದ್ದು ಅಷ್ಟೇ. ಮುದುಕಿ ಸೆರಗಿನಿಂದ ಬಾಯಿ ಮುಚ್ಚಿಕೊಂಡು ಅತ್ತಳು, ಬಹಳ ಹೊತ್ತು. ಅಳು ಇಳಿದ ಮೇಲೆ ಮುಖ ಒರೆಸಿಕೊಂಡು, ಇಷ್ಟು ವರ್ಷ ಆ ಮುಳ್ಳು ಚುಚ್ಚುತ್ತಿತ್ತು, ಇವತ್ತು ಕಿತ್ತು ಬಂತು ಎಂದಳು. ಅವನ ತಲೆಯ ಮೇಲೆ ಪ್ಲಾಸ್ಟರಿನ ಕೈಯನ್ನೇ ಇಟ್ಟಳು. ಮಜ್ಜಿಗೆ ಕುಡಿಯದೆ ಹೋಗಬೇಡಿ ಎಂದು ನಮ್ಮಿಬ್ಬರಿಗೂ ಹೇಳಿದಳು. ಕುಡಿದೆವು.

ಹೆದ್ದಾರಿ ಮುಟ್ಟುವ ಮೊದಲು ಅವನು ಆಟೋವನ್ನು ಒಂದು ಬೇವಿನ ಮರದ ಕೆಳಗೆ ನಿಲ್ಲಿಸಿದ. ಬಾಟಲಿಯ ನೀರು ಸುರಿದುಕೊಂಡು ಮುಖ ತೊಳೆದ, ಬಾಯಿ ಮುಕ್ಕಳಿಸಿ ಉಗುಳಿದ, ಮತ್ತೆ ಮುಕ್ಕಳಿಸಿದ. ನಾನು ಏನೋ ಸಮಾಧಾನ ಹೇಳಲು ಹೋದೆ. ನೀನು ಮಾಡಿದ್ದು ಪುಣ್ಯದ ಕೆಲಸ ಎಂಬಂಥದ್ದು.

"ಸುಮ್ನಿರ್ರಿ ಸರ್," ಎಂದ. ಅವನು ನನಗೆ ಜೋರು ಮಾತಾಡಿದ್ದು ಅದೊಂದೇ ಸಲ. "ನಾಟಕದ್ದು ನಿಮ್ಮ ಸುಳ್ಳ ಇತ್ತು, ನಾ ಓದಿದೆ. ಇದು ನಂದು."

ನಾನು ಠಾಣೆಗೆ ಬರೆದುಕೊಟ್ಟೆ. ಶಾಲೆಯವರು ನೋಟಿಸು ಕೊಟ್ಟರು, ಆರು ತಿಂಗಳು ಮನೆಯಲ್ಲಿ ಕೂತೆ. ಜಿಲ್ಲಾ ಪತ್ರಿಕೆಯೊಂದರಲ್ಲಿ ನನ್ನ ಹೆಸರು ಮೊದಲ ಸಲ ಅಚ್ಚಾಯಿತು, ನಾಟಕಕಾರ ಎಂಬ ವಿಶೇಷಣದ ಸಹಿತ. ವಿದ್ಯಾವತಿ ಅದನ್ನು ಕತ್ತರಿಸಿ ತೆಗೆದಿಟ್ಟಿದ್ದಾಳೆ. ಯಾಕೆ ಎಂದು ಕೇಳುವ ಧೈರ್ಯ ನನಗಿಲ್ಲ.

ಜನ ಬಕ್ಕಪ್ಪನನ್ನು ಮತ್ತೆ ಕರೆದರು. ತಪ್ಪು ಮಾಸ್ತರದು ಎಂದು ಗೊತ್ತಾದ ಮೇಲೆ ಸೆಗಣಿ ಮೆತ್ತಿದವರೇ ಮನೆಗೆ ಹೋಗಿ ಕೈ ಹಿಡಿದರಂತೆ. ಅವನು ಮೈಕು ಮುಟ್ಟಲಿಲ್ಲ. ಭೋಂಗಾಗಳನ್ನು ಸರಿತಾಳ ರೇಡಿಯೋ ಕೋಣೆಗೆ ಕೊಟ್ಟುಬಿಟ್ಟ. ಈಗ ಆಟೋದಲ್ಲಿ ಹುಮನಾಬಾದ್ ಬಸ್ ಸ್ಟ್ಯಾಂಡಿನಿಂದ ಜನರನ್ನು ಸಾಗಿಸುತ್ತಾನೆ. ಊರಿನ ಸಾವಿನ ಸುದ್ದಿಗಳನ್ನು ಈಗ ಬೇರೆ ಯಾರೋ ಪೆನ್‌ಡ್ರೈವಿನಲ್ಲಿ ತುಂಬಿ ಸಾರುತ್ತಾರೆ. ಸತ್ತವರ ಹೆಸರು ಮಾತ್ರ ಬದಲು.

ಹೋದ ತಿಂಗಳು ಹುಮನಾಬಾದಿನಲ್ಲಿ ನನ್ನ ಸಹೋದ್ಯೋಗಿಯ ತಂದೆ ತೀರಿಕೊಂಡರು. ಮಣ್ಣಿಗೆಂದು ಹೋಗಿದ್ದೆ. ಅಂಗಳದಲ್ಲಿ ಹತ್ತಾರು ಜನ. ಒಳಗೆ ಹೆಣದ ಪಕ್ಕದಲ್ಲಿ ಬಕ್ಕಪ್ಪ ಕೂತಿದ್ದ. ಹೆಣದ ಮೂಗಿನ ಹತ್ತಿರ ಅಂಗೈ ಹಿಡಿದಿದ್ದ. ಬಹಳ ಹೊತ್ತು ಹಿಡಿದು, ಎದ್ದು, ಮುದುಕರ ಕಾಲು ಮುಟ್ಟಿ ಹೊರಗೆ ಬಂದ. ಬಾಗಿಲಿನಲ್ಲಿ ನಾವು ಎದುರಾದೆವು. ಅವನು ಕೈ ಮುಗಿದ, ನಾನೂ ಮುಗಿದೆ.

"ಮತ್ತ ಶುರು ಮಾಡಿದೇನು ಬಕ್ಕಪ್ಪ?" ಎಂದು ಕೇಳಿದೆ. ನನ್ನ ದನಿಯಲ್ಲಿ ಎಷ್ಟು ಆಸೆ ಇತ್ತೆಂದು ನನಗೇ ಕೇಳಿಸಿತು.

ಅವನು ಚಪ್ಪಲಿ ಮೆಟ್ಟಿಕೊಳ್ಳುತ್ತ ತಲೆ ಅಲ್ಲಾಡಿಸಿದ.

"ನೋಡಿ ಬರ್ತೇನ್ರಿ ಸರ್. ಹೇಳಾಕ ಮಾತ್ರ ಆಗಂಗಿಲ್ಲ."